ಯಾವ ಕೌಸರ್?

“ಬಾಗಿಲು ತೆಗಿಯೇ ಆಶಾ, ನಾನು ಕಣೇ, ಕೌಸರ್!”

ಇಂಗ್ಲಿಷ್ ಅಕ್ಷರದಲ್ಲಿ ಕನ್ನಡ ಕುಟ್ಟಿ ಕೌಸರ್ ಎಂಟರ್ ಒತ್ತಿದಳು. ಅವಳು ಕೂತಿದ್ದು ಚಳ್ಳಕೆರೆಯಲ್ಲಿ, ಅಣ್ಣ ಇಫ್ತಿಕಾರನ ನೆಟ್ ಸೆಂಟರಿನ ಮೂಲೆಯ ಕಂಪ್ಯೂಟರಿನ ಮುಂದೆ. ಕಾಲೇಜಿನ ಗೆಳತಿ ಆಶಾ ಇದ್ದದ್ದು ಮೊಳಕಾಲ್ಮೂರಿನ ತನ್ನ ಮನೆಯಲ್ಲಿ, ಸೀರೆಯಂಚಿನ ಡಿಸೈನ್ ಮಾಡಲೆಂದು ಅಪ್ಪ ತಂದುಕೊಟ್ಟ ಕಂಪ್ಯೂಟರಿನ ಮುಂದೆ. ಅಪ್ಪ ಮಗ್ಗ ಬಿಟ್ಟು ಊಟಕ್ಕೆ ಎದ್ದರೆ ಸಾಕು, ಅಂಚು ಮಾಯವಾಗಿ ಅಲ್ಲಿ ಯುದ್ಧದ ಆಟ ಶುರುವಾಗುತ್ತಿತ್ತು. ಆ ಆಟ ಮಾಡಿದ ಕಂಪನಿ ಎಂದೋ ಅಂಗಡಿ ಮುಚ್ಚಿಕೊಂಡು ಹೋಗಿತ್ತು. ಹುಚ್ಚು ಬಿಡದ ಯಾರೋ ಪುಣ್ಯಾತ್ಮರು ತಾವೇ ಪ್ರೋಗ್ರಾಂ ಬರೆದು, ಬೇಕಾದವರೆಲ್ಲ ಪುಕ್ಕಟೆ ಆಡಲಿ ಎಂದು ಅದನ್ನು ನೆಟ್ಟಿನಲ್ಲಿ ಇಟ್ಟಿದ್ದರು. ಒಂದೇ ಕಟ್ಟುಪಾಡು. ಆಟ ಶುರು ಮಾಡಿದವರು ಒಪ್ಪಿದರೆ ಮಾತ್ರ ಒಳಗೆ ಪ್ರವೇಶ. ಇಲ್ಲದಿದ್ದರೆ ಹೊರಗೆ ನಿಂತು ನೋಡಬಹುದು, ಮನಸ್ಸು ತಡೆಯದಿದ್ದರೆ ಒಂದೆರಡು ಮಾತು ಬರೆಯಬಹುದು.

ಪರದೆಯ ಮೇಲೆ ಆಶಾಳ ಉತ್ತರ ಬಂತು. “ನೀನು ಕೌಸರ್ ಆದ್ರೆ ಹೋದ ವಾರ ನನ್ ಬೆನ್ನಿಗ್ಯಾಕೆ ಗುಂಡು ಹೊಡ್ದೆ? ಕೌಸರ್ ಅಲ್ದಿದ್ರೆ ಈಗ ಯಾಕೆ ಬಂದೆ?”

ಅತ್ತ ದರಿ, ಇತ್ತ ಪುಲಿ. ಹೋದ ವಾರ ಆಟದ ನಡುವೆ ಕೌಸರ್ ನಮಾಜಿಗೆಂದು ಎದ್ದು ಹೋಗಿದ್ದೇ ತಡ, ಅದೇ ಕುರ್ಚಿಯಲ್ಲಿ ಕೂತು ಅವಳದೇ ಹೆಸರಿನಲ್ಲಿ ಆಟ ಮುಂದುವರಿಸಿದ ಭೂಪ ಇಫ್ತಿಕಾರ್. ಇನ್ನೇನು ಗೆದ್ದೆವು ಅನ್ನುವಾಗ, ತಮಾಷೆಗೆಂದು, ತನ್ನದೇ ತಂಡದ ಆಶಾಳಿಗೆ ಹಿಂದಿನಿಂದ ಗುಂಡು ಹೊಡೆದು ನಕ್ಕಿದ್ದ. ಅವತ್ತಿನಿಂದ ಆಶಾ ಫೋನಿಗೂ ಬರಲಿಲ್ಲ. “ಮಗ್ಗದಾಗೆ ಕುಂತವ್ಳೆ ಕಣಮ್ಮ” ಎಂದು ಅವಳ ಅವ್ವ ರಿಸೀವರ್ ಇಟ್ಟುಬಿಡುತ್ತಿದ್ದರು. ಈಗಂತೂ ಫೋನಿನ ತಂತಿಯಲ್ಲೇ ನೆಟ್ ಹಾಕಿಕೊಂಡಿದ್ದರಿಂದ ಆ ಮನೆಯ ಫೋನೇ ಎಂಗೇಜ್. ಕೌಸರ್‌ಗೆ ಆಟ ಬೇಕಿರಲಿಲ್ಲ ಅಂತಲ್ಲ, ಬೇಕೇ ಬೇಕಿತ್ತು. ಆದರೆ ಅದಕ್ಕಿಂತ ಹೆಚ್ಚಾಗಿ ಆಶಾ ಬೇಕಿದ್ದಳು. ಗೆಳತಿಯ ಬೆನ್ನಿಗೆ ಹೊಡೆದವಳು ಅನ್ನಿಸಿಕೊಂಡು ಹೇಗೆ ಇರುವುದು?

“ಅದು ನಾನಲ್ಲ, ನಮ್ಮಣ್ಣ!”

“ಸಿಕ್ಕಿಬಿದ್ದೋರೆಲ್ಲ ಅಣ್ಣನ ಹೆಸರೇ ಹೇಳೋದು.”

“ನಿಮ್ಮವ್ವನ ಹೆಸ್ರು ಕೆಂಚಕ್ಕ. ನಾನು ಬಂದಾಗ ಹುರಿದ ಶೇಂಗಾ ಕಟ್ಟಿ ಕೊಟ್ಟಿದ್ರು.”

“ನಮ್ಮವ್ವ ಬಂದೋರಿಗೆಲ್ಲ ಕೊಡ್ತಾಳೆ. ಅದು ಊರಿಗೇ ಗೊತ್ತೈತೆ.”

ಹಿಂದೆ ನಿಂತಿದ್ದ ಇಫ್ತಿಕಾರ್ ತಲೆ ಕೆರೆದುಕೊಂಡ. “ತಪ್ಪಾಯ್ತು ಅಂತ ಬೇಕಾದ್ರೆ ನಾನೇ ಬರೀಲಾ?”

“ನೀನು ಬರೆದರೂ ಅಲ್ಲಿ ಕಾಣೋದು ನನ್ನ ಹೆಸರೇ. ಚುಪ್ ಬೈಠೊ ಭಾಯಿ!”

ಅಷ್ಟರಲ್ಲಿ ಆಟ ಕಾವೇರಿತು. ಜೊತೆಗಾರರ ಮೇಲಿನ ನಂಬಿಕೆಯೇ ಹೋಗಿದ್ದ ಆಶಾ ಒಂಟಿಯಾಗಿ ಇಬ್ಬರ ವಿರುದ್ಧ ಇಳಿದಿದ್ದಳು. ಏನು ಧೈರ್ಯ ಅವಳದು! ಎದುರಾಳಿಯ ಕೋಟೆಗೆ ನುಗ್ಗಿ ಬಾವುಟವನ್ನು ಕಿತ್ತುಕೊಂಡು ಓಡತೊಡಗಿದಳು. ಒಬ್ಬ ಎದುರಿನ ಬಂಡೆಯ ಮರೆಯಿಂದ ಗುಂಡು ಹಾರಿಸುತ್ತಿದ್ದ, ಆಶಾಳ ಕಣ್ಣೆಲ್ಲ ಅವನ ಮೇಲೆ. ಹೊರಗೆ ನಿಂತವರಿಗೆ ಇಡೀ ಬಯಲು ಕಾಣುತ್ತಿತ್ತು. ಅವಳ ಹಿಂದೆ, ಸೇತುವೆ ದಾಟಿ, ಇನ್ನೊಬ್ಬನ ಫಿರಂಗಿ ಹೊತ್ತ ಗಾಡಿ ಬರುತ್ತಿರುವುದನ್ನು ಕೌಸರ್ ನೋಡಿದಳು. ಕೋಪ, ಬೇಸರ, ವಾದ ಎಲ್ಲ ಮರೆತು ಬೆರಳುಗಳು ತಾವಾಗಿ ಓಡಿದವು.

“ಹಿಂದೆ ನೋಡೇ! ಗಾಡಿ ಬಂದ್ಳು! ಬಂದ್ಳು! ಹೊಡಿಯೇ ಅವಳನ್ನ!”

“ಬಂದ್ಳು ಅಲ್ಲ, ಬಂತು. ಕನ್ನಡದಲ್ಲಿ ಗಾಡಿ ಹೆಂಗಸಲ್ಲ,” ಎಂದ ಇಫ್ತಿಕಾರ್. ದಿನವಿಡೀ ಗಿರಾಕಿಗಳ ಜೊತೆ ಮಾತಾಡಿ ಅವನ ಕನ್ನಡ ಇಸ್ತ್ರಿ ಮಾಡಿದಂತಿತ್ತು. ಮನೆಯ ಉರ್ದುವಿನಲ್ಲಿ ಗಾಡಿ ಹೆಣ್ಣು. ಕೌಸರ್ ಸಮಾಧಾನವಾಗಿದ್ದಾಗ ಸರಿಯಾಗಿಯೇ ಬರೆಯುತ್ತಿದ್ದಳು, ಗಾಬರಿಯಾದರೆ ಮಾತ್ರ ಕನ್ನಡದಲ್ಲೂ ಅದು ಹೆಣ್ಣಾಗಿಬಿಡುತ್ತಿತ್ತು.

“ವ್ಯಾಕರಣ ಹೇಳಿಕೊಡೋಕೆ ಇದೇ ಹೊತ್ತಾ?” ಎಂದು ಅವಳು ಚೀರಿದಳು.

ಆಶಾ ಗಿರಕ್ಕನೆ ತಿರುಗಿದಳು. ಒಂದೇ ಏಟು! ಗಾಡಿ ಬೆಂಕಿಯುಂಡೆಯಾಯಿತು. ಮರುಕ್ಷಣವೇ ಪರದೆಯ ಮೇಲಿನ ಬಾಗಿಲು ಸರಿದು, ಆಶಾಳ ಹೆಸರಿನ ಕೆಳಗೆ ಕೌಸರಳ ಹೆಸರು ಮೂಡಿತು.

“ಬಾರೇ ಬೇಗ! ಬಂಡೆ ಹಿಂದೆ ಒಬ್ಬ ಅವ್ನೆ, ನೋಡ್ಕ!”

ಕೌಸರ್‌ಗೆ ಸ್ವರ್ಗಕ್ಕೆ ಮೂರೇ ಗೇಣು. ನುಗ್ಗಿದವಳೇ ಆಶಾಳ ಬೆನ್ನಿಗೆ ಬೆನ್ನು ಕೊಟ್ಟು ನಿಂತಳು. ಬಂಡೆಯವನು ತಲೆ ಎತ್ತಿದ, ಎತ್ತಿದ್ದಕ್ಕೆ ಸರಿಯಾಗಿ ಗುಂಡು ತಿಂದ. ಆಶಾ ಓಡಿದಳು, ಕೌಸರ್ ಅವಳ ಹಿಂದೆಯೇ ಓಡಿದಳು, ಬಾವುಟ ಕೋಟೆ ಮುಟ್ಟಿತು. ಗೆದ್ದರು! ಆಡಿದವರಿಗಿಂತ ಹೆಚ್ಚಾಗಿ ಕುಣಿದವನು ಇಫ್ತಿಕಾರ್. ಪಕ್ಕದಲ್ಲಿ ಪರೀಕ್ಷೆಯ ಫಲಿತಾಂಶ ನೋಡುತ್ತಿದ್ದ ಗಿರಾಕಿ, ತಾನೇ ಪಾಸಾದೆನೇನೋ ಎಂದು ಎದ್ದು ನಿಂತ. ಕೌಸರ್ ನಗುತ್ತ, ದುಪಟ್ಟಾದ ತುದಿಯಿಂದ ಕಣ್ಣೊರೆಸಿಕೊಳ್ಳುತ್ತ ಟೈಪ್ ಮಾಡಿದಳು.

“ಅಂತೂ ನಂಬಿದೆಯಲ್ಲ! ನಾನೇ ಅಂತ ಹೆಂಗೆ ಗೊತ್ತಾಯ್ತೇ?”

“ಗಾಡಿ ಬಂದ್ಳು ಅಂದ್ಯಲ್ಲ, ಅವಾಗ. ತಪ್ಪು ನಂದೇ ಕಣೇ. ಹೋದ ವಾರ ನಂಗೆ ಗುಂಡು ಹೊಡ್ಯೋ ಮುಂಚೆ ‘ಗಾಡಿ ಬಂತು, ಬೇಗ ಹೊಡಿ’ ಅಂತ ಎಷ್ಟು ಸರಿಯಾಗಿ ಬರ್ದಿದ್ದ ಅವ್ನು. ಅಷ್ಟು ಸರಿಯಾಗಿ ಬರ್ದಾಗ್ಲೇ ಗೊತ್ತಾಗ್ಬೇಕಿತ್ತು, ಅದು ನೀನಲ್ಲ ಅಂತ.”