ಬಿಟ್ಟು ಬರಬೇಕಾದವನು

ಡೆನ್ಮಾರ್ಕಿನ ಜಟ್ಲೆಂಡಿನ ಜಲ್ಲಿ ಕ್ವಾರಿಯಲ್ಲಿ ಅಂದು ಬೆಳಗಿನಿಂದ ಸಿನಿಮಾ ತಂಡದ ಅರವತ್ತು ಜನ ತಲೆ ಕೆಡಿಸಿಕೊಂಡದ್ದು ಒಂದೇ ಗಹನವಾದ ವಿಷಯಕ್ಕೆ: ಎಂಬತ್ತು ಕಿಲೋ ಮರಳು ತುಂಬಿದ ಗೊಂಬೆಯೊಂದು ನೆಲದ ಮೇಲೆ ಉಳಿಯಬೇಕಿತ್ತು, ಉಳಿಯುತ್ತಿರಲಿಲ್ಲ.

ಗೊಂಬೆಗೆ ಡೇನಿಶ್ ಸೈನಿಕನ ಸಮವಸ್ತ್ರ ತೊಡಿಸಿದ್ದರು. ಸಿನಿಮಾದಲ್ಲಿ ಅದು ಆಫ್ಘಾನಿಸ್ತಾನದಲ್ಲಿ ಸತ್ತ ಎಸ್ಕಿಲ್‌ನ ಹೆಣ. ರಕ್ಷಣೆಗೆ ಬಂದ ನಾಲ್ವರು ಗಾಯಾಳುವನ್ನು ಎತ್ತಿಕೊಂಡು ಹೆಲಿಕಾಪ್ಟರಿನತ್ತ ಓಡಬೇಕು, ಹೆಣವನ್ನು ಅಲ್ಲೇ ಬಿಡಬೇಕು. ನಿಜವಾಗಿ ನಡೆದದ್ದೂ ಅದೇ.

ಪಾತ್ರ ಮಾಡುತ್ತಿದ್ದ ನಾಲ್ವರೂ ಮಾಜಿ ಸೈನಿಕರು. ಆಸ್ಗರ್ ಅಂತೂ ಆ ದಿನ ಅಲ್ಲೇ ಇದ್ದವನು. ಹೆಣವನ್ನೂ ಹೊತ್ತು ತಂದಂತೆ ತೋರಿಸಿದರೆ ಜನಕ್ಕೆ ಹಿಡಿಸುತ್ತದೆಂದು ನಿರ್ದೇಶಕಿ ಡೋರ್ಥೆ ಮೊದಲು ಹಾಗೇ ಬರೆಸಿದ್ದಳು. ಊರವರು ಹದಿಮೂರು ವರ್ಷದಿಂದ ವೀರನೆಂದು ಸುಮ್ಮಸುಮ್ಮನೆ ತನ್ನ ಬೆನ್ನು ತಟ್ಟುತ್ತಿದ್ದಾರೆ, ಒಮ್ಮೆಯಾದರೂ ನಿಜ ಗೊತ್ತಾಗಲಿ ಎಂದು ಹಟ ಹಿಡಿದು ಅದನ್ನು ಬದಲಿಸಿದವನು ಆಸ್ಗರನೇ.

ಮೊದಲ ಟೇಕ್ ಮುಗಿದಾಗ ಸ್ಟ್ರೆಚರಿನ ಹಿಂದೆಯೇ ಗೊಂಬೆಯೂ ಬಂದಿತ್ತು, ಆಸ್ಗರನ ಹೆಗಲ ಮೇಲೆ. ಅಭ್ಯಾಸಬಲ ಎಂದ. ಎಡವಟ್ಟು ಮಾಡಿದವನು ಎಲ್ಲರಿಗೂ ಕೇಕ್ ತರಬೇಕೆಂಬುದು ಅವರ ಪಡೆಯ ಕಟ್ಟಳೆ. ಚಾಕೊಲೇಟಿನದೇ ಇರಲಿ ಎಂದು ಗೆಳೆಯರು ನೆನಪಿಸಿದರು. ಎರಡನೆಯ ಟೇಕಿನಲ್ಲಿ ಗೊಂಬೆಯ ತೋಳು ಹಿಡಿದು ಎಳೆದು ತಂದವನು ನಾಲ್ವರಲ್ಲೊಬ್ಬನಾದ ಟ್ರೋಲ್ಸ್. ಐದನೆಯದರ ಹೊತ್ತಿಗೆ ನಾಲ್ವರೂ ಕೇಕ್ ತರಬೇಕಾಗಿತ್ತು. ಡೋರ್ಥೆ ಇನ್ನೂ ಇಪ್ಪತ್ತು ಕಿಲೋ ಮರಳು ತುಂಬಿಸಿದಳು. ಅದೂ ಬಂತು.

ಏಳನೆಯದಾದ ಮೇಲೆ ಅವಳು ಬಂದು ಆಸ್ಗರನ ಪಕ್ಕದಲ್ಲಿ ಕೂತಳು.

"ಬಿಟ್ಟು ಬಂದ್ವಿ ಅಂತ ಬರೆಸಿದ್ದು ನೀನೇ ಅಲ್ವೇನೋ?"

"ಹೌದು, ನಾನೇ."

"ಮತ್ತೆ? ಬರೀ ಮರಳು ಕಣೋ ಅದು."

ಆಸ್ಗರ್ ಅಂಗೈ ಕೊಡವಿಕೊಂಡ. "ಅವತ್ತು ಗುಂಡು ಹಾರ್ತಿತ್ತು ಡೋರ್ಥೆ, ಅದಕ್ಕೇ ಬಿಟ್ವಿ. ಇವತ್ತು ಯಾರೂ ಹೊಡೀತಿಲ್ಲ. ಇವತ್ತೂ ಬಿಟ್ಟು ಬಾ ಅಂದ್ರೆ, ಏನು ನೆವ ಹೇಳಿ ಬಿಡ್ಲಿ?"

ಬಿಸಿಲು ಇಳಿಯುತ್ತಿತ್ತು. ಅವನು ಹೆಲ್ಮೆಟ್ ಬಿಚ್ಚಿ ಅವಳ ಕೈಗಿಟ್ಟ. "ಬೇರೆಯವರನ್ನ ಹಾಕ್ಕೋ. ಕಥೆ ಮಾತ್ರ ಬದಲಾಯಿಸ್ಬೇಡ."

ಎಂಟನೆಯ ಟೇಕಿಗೆ ನಾಟಕಶಾಲೆಯ ನಾಲ್ವರು ತರುಣರು ಅವರ ಸಮವಸ್ತ್ರ ತೊಟ್ಟು ಬಂದರು. ಗಾಯಾಳುವನ್ನು ಎತ್ತಿಕೊಂಡರು, ಗೊಂಬೆಯನ್ನು ಬಿಟ್ಟು ಓಡಿದರು. ಒಂದೇ ಸಲಕ್ಕೆ ಸರಿಯಾಯಿತು.