ಕೀರ್ನಿಯ ಒಂದು ವೋಟು

ಮುಕುಂದನಿಗೆ ಎಚ್ಚರವಾದಾಗ ಸುರೇಶನ ಮನೆಯ ಗಡಿಯಾರ ಮೂರೂವರೆ ತೋರಿಸುತ್ತಿತ್ತು. ಕನ್ನಡ ಸಂಘದ ಮೀಟಿಂಗು ಎರಡಕ್ಕೆ, ಅದೂ ಎರಡೇ ಬೀದಿ ಆಚೆಯ ಎಡಿಸನ್ ಲೈಬ್ರರಿಯಲ್ಲಿ. ಸೋಫಾದಿಂದ ದಡಬಡಿಸಿ ಎದ್ದರೆ ಹೊಟ್ಟೆಯಲ್ಲಿದ್ದ ನಾಲ್ಕು ಒಬ್ಬಟ್ಟು ಮತ್ತೆ ಕೂರಿಸಿದವು.

"ವಿಜಿ, ಸುರೇಶ ಎಲ್ಲಿ?"

"ಅವರು ಒಂದೂಮುಕ್ಕಾಲಿಗೇ ಹೋದ್ರಲ್ಲ," ಸುರೇಶನ ಹೆಂಡತಿ ಅಡುಗೆಮನೆಯಿಂದಲೇ ಅಂದಳು. "ಪಾಪ, ವಾರವೆಲ್ಲ ಮ್ಯಾನ್‌ಹಟನ್‌ಗೆ ಕಮ್ಯೂಟ್ ಮಾಡಿ ಸುಸ್ತಾಗಿದಾನೆ, ಎಬ್ಬಿಸಬೇಡ ಅಂದ್ರು. ಕಾಫಿ ಕೊಡ್ಲಾ?"

ಮುಕುಂದನಿಗೆ ತನ್ನ ಮೇಲೇ ಸಿಟ್ಟು ಬಂತು. ಇಂಥದೇ ಕಥೆಯನ್ನು ಹೋದ ವರ್ಷ ತಾನೇ ಕಂಪ್ಯೂಟರಿನಲ್ಲಿ ಟೈಪ್ ಮಾಡಿದ್ದ. ಕೀರ್ನಿಯಲ್ಲಿ ಅವನ ಮನೆ ಮಾಲೀಕ ರಾಸ್ ಎಂಬ ಸ್ಕಾಟ್ಲೆಂಡಿನ ಮುದುಕ. ತನ್ನ ಕಡೆಯ ಹಳೆಯದೊಂದು ಮತಕ್ಷೇತ್ರದ ಚರಿತ್ರೆ ಬರೆಯುವುದೇ ಅವನಿಗೆ ಕೆಲಸ, ಅದನ್ನು ಟೈಪ್ ಮಾಡಿಕೊಡುವುದು ಮುಕುಂದನಿಗೆ. ಎಲ್ಗಿನ್ ಮತ್ತು ಇನ್ನು ನಾಲ್ಕು ಪುಟ್ಟ ಪಟ್ಟಣ ಸೇರಿ ಪಾರ್ಲಿಮೆಂಟಿಗೆ ಒಬ್ಬನೇ ಸದಸ್ಯ. ಊರು ದೊಡ್ಡದಿರಲಿ ಚಿಕ್ಕದಿರಲಿ, ಊರಿಗೆ ಒಂದೇ ವೋಟು. ಸಭೆ ಸರದಿಯ ಮೇಲೆ ಒಂದೊಂದು ಊರಿನಲ್ಲಿ. ವೋಟು ಸಮಸಮ ಬಂದರೆ ಸಭೆ ನಡೆಸುವ ಊರಿನ ಮಾತೇ ಕೊನೆ. 1820ರಲ್ಲಂತೂ ಎಲ್ಗಿನ್ನಿನ ಇಬ್ಬರು ಕೌನ್ಸಿಲರುಗಳನ್ನು ವೋಟಿಗೆ ಸಿಗದಂತೆ ಎದುರಾಳಿಗಳು ಹಿಡಿದುಕೊಂಡು ಹೋಗಿ, ದೋಣಿ ಹತ್ತಿಸಿ ಕೊಲ್ಲಿಯ ಆಚೆ ದಡಕ್ಕೆ ಸಾಗಿಸಿಬಿಟ್ಟಿದ್ದರು.

1918ರಲ್ಲಿ ಆ ಕ್ಷೇತ್ರವೇ ಹೋಯಿತು. ಆದರೆ ಅದರ ಹಳೆಯ ಪದ್ಧತಿ ನ್ಯೂಜೆರ್ಸಿಯ ಐದು ಊರುಗಳ ಕನ್ನಡ ಸಂಘಕ್ಕೆ ಒಗ್ಗುತ್ತದೆ ಎಂದು ಮುಕುಂದನೇ ಎಲ್ಲರನ್ನೂ ಒಪ್ಪಿಸಿದ್ದ. ಅದಕ್ಕೆ ಕಾರಣ ಅವನ ಹೆಂಡತಿ ರಾಜಿ. ಆರು ವರ್ಷದಿಂದ ಯುಗಾದಿಗೆ ಬೇರೆಯವರ ಊರಿನಲ್ಲಿ ಉಂಡು ಬಂದವಳು, ಒಂದು ಸಲವಾದರೂ ತನ್ನ ಬಾಗಿಲಲ್ಲಿ ನಿಂತು ಎಲ್ಲರಿಗೂ ಬೇವು ಬೆಲ್ಲ ಕೊಡಬೇಕು ಅನ್ನುತ್ತಿದ್ದಳು. ಬೇಸ್‌ಮೆಂಟ್ ಬಿಟ್ಟುಕೊಡಲು ರಾಸ್ ಒಪ್ಪಿದ್ದ. ಎಡಿಸನ್ನಿನಲ್ಲಿ ಮೂವತ್ತು ಕನ್ನಡದ ಮನೆ, ಕೀರ್ನಿಯಲ್ಲಿ ಇವರದು ಒಂದೇ. ಆದರೂ ಈ ಸಲದ ಯುಗಾದಿ ಎಲ್ಲಿ ಎಂಬ ಮಾತು ಬಂದಾಗ ಎರಡು ಊರಿನವರು ಕೀರ್ನಿಗೆ ಎಂದಿದ್ದರು, ಎಡಿಸನ್ ಸೇರಿ ಎರಡು ಊರಿನವರು ಎಡಿಸನ್‌ಗೆ. ಐದನೆಯದು, ಕೀರ್ನಿಯ ವೋಟು, ಇಲ್ಲಿ ಬಾಯಿ ತೆರೆದುಕೊಂಡು ಗೊರಕೆ ಹೊಡೆದಿತ್ತು. ಸಭೆ ನಡೆಸುವ ಸರದಿ ಈ ಸಲ ಎಡಿಸನ್ನಿನದು, ಅಂದರೆ ಸಮಸಮ ಬಂದರೆ ಕೊನೆಯ ಮಾತು ಆ ಊರಿನ ಸುರೇಶನದು. ಬೆಳಿಗ್ಗೆ ಅವನು ಫೋನ್ ಮಾಡಿ, "ಊಟಕ್ಕೇ ಬಂದುಬಿಡೋ, ಒಟ್ಟಿಗೆ ಹೋಗೋಣ" ಎಂದದ್ದು ಯಾಕೆಂದು ಈಗ ಹೊಳೆಯಿತು. ಬಡಿಸುವವರ ಮುಂದೆ ಬೇಡ ಅನ್ನುವುದು ಮುಕುಂದನ ಜಾಯಮಾನದಲ್ಲೇ ಇರಲಿಲ್ಲ. ರಾಜಿಗೆ ಇನ್ನು ಹೇಗೆ ಮುಖ ತೋರಿಸುವುದು?

ಅಷ್ಟರಲ್ಲಿ ಬಾಗಿಲು ತೆರೆಯಿತು. ಒಳಗೆ ಬಂದವಳು ರಾಜಿ. ಬೆಳಿಗ್ಗೆ ನೆವಾರ್ಕಿನ ಬ್ಯಾಂಕಿಗೆ ಅರ್ಧ ದಿನದ ಕೆಲಸಕ್ಕೆ ಹೋಗಿದ್ದ ಅದೇ ಕೋಟು, ಅದೇ ಕ್ಯಾನ್ವಾಸ್ ಶೂ. ಹಿಂದೆ ಸುರೇಶ, ಮುಖ ಇಂಗು ತಿಂದ ಮಂಗನದು.

"ಯುಗಾದಿ ನಮ್ಮನೇಲಿ," ಅಂದಳು ರಾಜಿ.

ಮುಕುಂದ ತಡಬಡಾಯಿಸಿದ. "ವೋಟು ನಾನು ಹಾಕಬೇಕಿತ್ತಲ್ಲ."

"ವೋಟು ಊರಿಂದು ಅಂತ ನೀವೇ ತಾನೆ ರೂಲ್ ಮಾಡಿದ್ದು? ಕೀರ್ನಿಯಲ್ಲಿ ನಾನೂ ಇದೀನಲ್ಲ." ಅವಳು ಕೋಟು ತೆಗೆದು ಕುರ್ಚಿಗೆ ಹಾಕಿದಳು. "ಸುರೇಶ್ ಮನೇಲಿ ಊಟ, ಆಮೇಲೆ ಮೀಟಿಂಗು ಅಂದ್ರಲ್ಲ ಬೆಳಿಗ್ಗೆ, ಆಗಲೇ ಟ್ರೈನ್ ಟೈಮ್ ನೋಡಿಟ್ಟುಕೊಂಡೆ."

ವಿಜಿ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು. ಮುಕುಂದನಿಗೂ ನಗು ತಡೆಯಲಾಗಲಿಲ್ಲ, ಮನಸ್ಸು ಹಗುರವಾಗಿತ್ತು. ಸುರೇಶ ತಲೆ ಕೆರೆದುಕೊಂಡ.

"ತಪ್ಪು ನಮ್ಮದೇ ಕಣೆ ವಿಜಿ. ಊಟಕ್ಕೆ ಕರೆಯಬೇಕಾಗಿದ್ದದ್ದು ಇವರನ್ನ."

"ಈಗ ಕರೀರಿ, ಹಸಿವಾಗ್ತಿದೆ," ಎಂದು ರಾಜಿ ತಟ್ಟೆ ಎಳೆದುಕೊಂಡಳು. "ತುಪ್ಪ ಧಾರಾಳವಾಗಿ ಹಾಕಮ್ಮ ವಿಜಿ. ನನ್ನ ವೋಟು ಆಯ್ತು."