ಎಡಗಡೆಯ ಹಾಲು

ನೆಲದಾಳದ ಪಾತಾಳಪೇಟೆಯಲ್ಲಿ ಭಾರ ಹೆಚ್ಚು. ಸೀರೆಯ ಸೆರಗೂ ಹಸಿ ಕಂಬಳಿಯಂತೆ ಜಗ್ಗುತ್ತಿತ್ತು. ಭಾರವಿದ್ದಲ್ಲಿ ಕಾಲ ತೆವಳುತ್ತದೆ, ಮೇಲೆ ಓಡುತ್ತದೆ. ಅದಕ್ಕೇ ಉಳ್ಳವರೆಲ್ಲ ಕೆಳಗಿಳಿದು, ಮುಪ್ಪನ್ನು ಮೇಲ್ಕೇರಿಯವರಿಗೆ ಬಿಟ್ಟುಕೊಟ್ಟಿದ್ದರು. ಮೇಲ್ಕೇರಿಯ ಪ್ರತಿ ಬಾಣಂತಿಯೂ ಒಮ್ಮೆ ಇಳಿದುಬಂದು ಇವರ ಕೂಸಿಗೆ ಹಾಲುಣಿಸಬೇಕು. ಇಲ್ಲದಿದ್ದರೆ ಕೇರಿಯ ನಳಕ್ಕೆ ನೀರಿಲ್ಲ.

ಮೇಲ್ಕೇರಿಯಿಂದ ಇಳಿದುಬಂದಿದ್ದ ಫಕೀರವ್ವನ ಬಲಗಡೆಯ ಎದೆ ಬರಿದಾಗಿತ್ತು. ಅವಳು ಹೊರಟಾಗ ಮಗಳು ಆಗಷ್ಟೇ ಬೋರಲು ಬೀಳುತ್ತಿದ್ದಳು; ಈಗ ಅಂಬೆಗಾಲಿಡುತ್ತಿರಬೇಕು.

"ಎಡಕ್ಕೂ ಹಾಕು," ಎಂದಳು ದಿಂಬಿಗೊರಗಿದ್ದ ಮನೆಯೊಡತಿ. "ಇನ್ನೂ ಚೀಪಾಕತ್ತೈತಿ ನೋಡು."

"ಅದು ನನ್ನ ಮಗಳದು ಅಕ್ಕಾರ. ಇದೂ ಮುಗಿಯೂದ್ರಾಗ ಮ್ಯಾಲ ಆಕಿ ಓಡಾಡ್ತಾಳ್ರೀ. ಬ್ಯಾರೆಯಾಕಿನ್ನ ಅವ್ವಾ ಅಂತಾಳ."

"ಅಯ್ಯ, ಬೆಳದ್ರ ಛಲೋನ ಅಲ್ಲೇನ? ಎತ್ತಿ ಆಡಸೂ ಕೆಲಸ ತಪ್ತು ನಿನಗ." ಒಡತಿ ನಕ್ಕಳು.

ಆ ನಗು ಮುಗಿಯುವಷ್ಟರಲ್ಲಿ ಮೇಲೆ ದಿನವೇ ಕಳೆದಿರಬೇಕೆನಿಸಿತು ಫಕೀರವ್ವನಿಗೆ. ಕೂಸಿನ ತುಟಿಯಂಚಿಗೆ ಕಿರುಬೆರಳು ತೂರಿಸಿ ಬಾಯಿ ಬಿಡಿಸಿದಳು. ಅದು ಚಿಟ್ಟನೆ ಚೀರಿತು. ಎತ್ತಿ ಒಡತಿಯ ಮಡಿಲಿಗೇ ಹಾಕಿದಳು.

"ನಿಮ್ಮ ಎದಿಯಾಗೂ ಹಾಲೈತ್ರಿ. ಕುಡಸ್ರಿ."

"ಕೇರಿ ನೀರು ನಿಲ್ಲಸ್ತೀನಿ!" ಎಂಬ ಕೂಗು ಲಿಫ್ಟಿನ ಬಾಗಿಲವರೆಗೂ ಬೆನ್ನಟ್ಟಿತು.

ಲಿಫ್ಟು ಮೇಲೇರತೊಡಗಿತು. ಮೈ ಹಗುರಾದಷ್ಟೂ ಅವಳ ಅಂಜಿಕೆ ಹೆಚ್ಚಿತು. ಹಾಲು ಒಸರಿ ಕುಪ್ಪಸ ತೊಯ್ಯುತ್ತಿತ್ತು. ಅದನ್ನು ಅಂಗೈಯಿಂದ ಅದುಮಿ ಹಿಡಿದು ಬೇಡಿಕೊಂಡಳು: "ದೇವರ, ನನ್ನ ಕೂಸು ಇನ್ನೂ ಈ ಹಾಲಿಗೇ ಹಸದು ಅಳಾಕತ್ತಿರ್ಲಿ."